1942ರ ಸ್ಟಾರ್‌ಗೆ 1964ರಲ್ಲಿ ಕಾನ್ ಪ್ರಶಸ್ತಿ: ಪಾಗೆರ್ ಆಂತಲ್ ಕಥೆ

ಓದುಗರ ಪ್ರಶ್ನೆ: "ಕಾನ್ ಫೆಸ್ಟಿವಲ್‌ನ ಹಳೇ ಬೆಸ್ಟ್ ಆಕ್ಟರ್ ಲಿಸ್ಟ್ ನೋಡ್ತಿದ್ದೆ. 1964ರಲ್ಲಿ ಆಂತಲ್ ಪಾಗೆರ್ ಅಂತ ಹಂಗೇರಿ ನಟನ ಹೆಸರಿದೆ. ಹುಡುಕಿದ್ರೆ ಒಬ್ರು ಹಂಗೇರಿಯ ಅತಿ ದೊಡ್ಡ ಕ್ಯಾರೆಕ್ಟರ್ ಆಕ್ಟರ್ ಅಂತಾರೆ, ಇನ್ನೊಬ್ರು ಯುದ್ಧದ ಟೈಮಲ್ಲಿ ಯಹೂದಿ ವಿರೋಧಿ ಸಿನಿಮಾದಲ್ಲಿ ಹೀರೋ ಆಗಿದ್ದೋನು ಅಂತಾರೆ. ಎರಡೂ ಒಬ್ಬನೇನಾ? ಹಾಗಿದ್ರೆ ಕಮ್ಯುನಿಸ್ಟ್ ಸರ್ಕಾರ ಇವ್ನನ್ನ ಹೆಂಗೆ ಒಪ್ಕೊಂಡ್ತು? ಆ ಪ್ರಶಸ್ತಿ ಬರೀ ಪಾಲಿಟಿಕ್ಸಾ?"

ಉತ್ತರ:

ಹೌದು, ಇಬ್ರೂ ಒಬ್ಬನೇ. ಪ್ರಶಸ್ತಿ ಬರೀ ಪಾಲಿಟಿಕ್ಸ್ ಅಲ್ಲ, ಆದ್ರೆ ಆ ಮನುಷ್ಯ 1964ರಲ್ಲಿ ಕಾನ್ ತನಕ ಹೋಗೋ ಜಾಗದಲ್ಲಿ ಇದ್ದ ಅನ್ನೋದರ ಹಿಂದೆ ಮಾತ್ರ ಪಾಲಿಟಿಕ್ಸ್ ಇದ್ದೇ ಇತ್ತು. ಇನ್ನೂ ಒಂದು ಮಾತು ಸೇರಿಸ್ತೀನಿ, ಇದು ನನ್ನ ಅಭಿಪ್ರಾಯ: ಯುದ್ಧ ಆದ್ಮೇಲೆ ಪಾಗೆರ್ ಮಾಡಿದ ಒಳ್ಳೇ ಪಾತ್ರಗಳಿಗೆ ತೂಕ ಬಂದಿದ್ದೇ ಅವ್ನ ಹಳೇ ಚರಿತ್ರೆಯಿಂದ. ಆ ಮುಖ ಎಲ್ಲೆಲ್ಲಿ ಇತ್ತು ಅಂತ ಹಂಗೇರಿ ಪ್ರೇಕ್ಷಕರಿಗೆ ಗೊತ್ತಿತ್ತು, ಡೈರೆಕ್ಟರ್‌ಗಳಿಗೂ ಗೊತ್ತಿತ್ತು, ಅದನ್ನ ಬಚ್ಚಿಡೋ ಬದಲು ಅವ್ರಲ್ಲಿ ಒಬ್ಬ ಅದನ್ನೇ ಬಳಸ್ಕೊಂಡ. ಅಲ್ಲಿಗೆ ಆಮೇಲೆ ಬರ್ತೀನಿ.

ಮೊದಲು ಹೆಸರು. ಹಂಗೇರಿಯಲ್ಲಿ ಮನೆತನದ ಹೆಸರು ಮೊದಲು, ಹಾಗಾಗಿ ಅಲ್ಲಿಯೋರಿಗೆ ಇವ್ನು ಪಾಗೆರ್ ಆಂತಲ್. ಹುಟ್ಟಿದ್ದು 1899ರ ಜನವರಿಯಲ್ಲಿ, ಮಕೋ ಅನ್ನೋ ದಕ್ಷಿಣದ ಊರಲ್ಲಿ. ಈರುಳ್ಳಿಗೆ ಫೇಮಸ್ ಆದ ಊರು ಅದು, ಪತ್ರಿಕೋದ್ಯಮದ ಪುಲಿಟ್ಜರ್ ಹುಟ್ಟಿದ್ದೂ ಅಲ್ಲೇ. ಮೊದಲ ಮಹಾಯುದ್ಧ ಮುಗಿದ ಮೇಲೆ ನಾಟಕ ಕಂಪನಿ ಸೇರ್ಕೊಂಡ, ಸುಮಾರು ಹತ್ತು ವರ್ಷ ಜಿಲ್ಲೆ ಊರುಗಳಲ್ಲೇ ಓಡಾಟ. ಹಾಡು, ಕುಣಿತ, ಕಾಮಿಡಿ, ಆಪೆರೆಟ್ಟಾ ಅನ್ನೋ ಹಗುರ ಸಂಗೀತ ನಾಟಕ, ಎಲ್ಲಾ ಮಾಡ್ದ. 1930ರ ಆಸುಪಾಸಲ್ಲಿ ಬುಡಾಪೆಸ್ಟಿಗೆ ಬಂದ, ಅದೇ ಟೈಮಿಗೆ ಸರಿಯಾಗಿ ಟಾಕಿ ಸಿನಿಮಾನೂ ಶುರುವಾಯ್ತು. ಹಂಗೇರಿಯ ಮೊದಲ ದೊಡ್ಡ ಟಾಕಿ ಹಿಟ್ ಬಂದಿದ್ದು 1931ರಲ್ಲಿ, ಅಲ್ಲಿಂದಾಚೆ ಕಾಮಿಡಿ ಸಿನಿಮಾಗಳ ಸುರಿಮಳೆ.

ಆಗಿನ ಹೀರೋ ಅಂದ್ರೆ ಯಾವೊರ್ ಪಾಲ್, ಮೀಸೆ, ಎತ್ತರ, ಹೆಣ್ಮಕ್ಕಳು ಸಾಯೋರು. ಕಾಮಿಡಿಗೆ ಕಬೋಶ್ ದ್ಯುಲಾ, ಯಹೂದಿ ನಟ, ತೊದಲು ಮಾತಿನ ಟೈಮಿಂಗಲ್ಲಿ ಎತ್ತಿದ ಕೈ. ಪಾಗೆರ್ ಎರಡರ ಮಧ್ಯೆ. ಚೆಲುವ ಅಲ್ಲ, ಬರೀ ಕೋಡಂಗಿನೂ ಅಲ್ಲ, ರೈತನ ವೇಷ ಹಾಕಿದ್ರೆ ರೈತ, ಡಾಕ್ಟರ್ ವೇಷ ಹಾಕಿದ್ರೆ ಡಾಕ್ಟರ್. ಮಣ್ಣಿನ ಮಗ ಅನ್ನೋ ಥರದ ಇಮೇಜ್ ಇವ್ನಿಗೆ ಅಂಟ್ಕೊಳ್ತು. ಮುಂದೆ ಆದ ಅನಾಹುತಕ್ಕೆ ಈ ಇಮೇಜೇ ಬೇಕಾಗಿದ್ದು.

1938ರಲ್ಲಿ ಹಂಗೇರಿ ಸರ್ಕಾರ ಮೊದಲ ಯಹೂದಿ ಕಾನೂನು ತಂತು. ನಟರಿಗೆ ಅಂತ ಒಂದು ಚೇಂಬರ್ ಮಾಡಿದ್ರು, ಅದರಲ್ಲಿ ಮೆಂಬರ್ ಆಗ್ದೆ ಬಣ್ಣ ಹಚ್ಚೋ ಹಾಗಿಲ್ಲ, ಮೆಂಬರ್‌ಗಳಲ್ಲಿ ಯಹೂದಿಗಳು 20 ಪರ್ಸೆಂಟ್ ಮೀರೋ ಹಾಗಿಲ್ಲ. ಮುಂದಿನ ವರ್ಷವೇ ಎರಡನೇ ಕಾನೂನು, 20 ಹೋಗಿ 6 ಆಯ್ತು. ಕಬೋಶ್ 1939ರಲ್ಲಿ ಅಮೆರಿಕಾಗೆ ಹೋದ, 1941ರಲ್ಲಿ ನ್ಯೂಯಾರ್ಕಲ್ಲಿ ತೀರ್ಕೊಂಡ. ಹೀಗೆ ಒಂದೊಂದೇ ಜಾಗ ಖಾಲಿ ಆಗ್ತಾ ಹೋದ ಹಾಗೆ ಉಳಿದೋರಿಗೆ ಪಾತ್ರಗಳು ಜಾಸ್ತಿ ಸಿಕ್ಕಿದ್ವು, ಪಾಗೆರ್‌ಗಂತೂ ಇನ್ನೂ ಜಾಸ್ತಿ. ಇದನ್ನ ಅವ್ನು ಮಾಡಿಸಿದ ಅಂತ ನಾನು ಹೇಳ್ತಿಲ್ಲ, ಆದ್ರೆ ಲಾಭ ಅಂತೂ ಬಂತು.

1942ರಲ್ಲಿ ಓರ್‌ಶೇಗ್‌ವಾಲ್ತಾಶ್ ಅಂತ ಸಿನಿಮಾ ಬಂತು, ಅಂದ್ರೆ ಕಾವಲು ಬದಲಾವಣೆ. ಡೈರೆಕ್ಟರ್ ಬಾಂಕಿ ವಿಕ್ಟೊರ್. ಒಂದು ಫ್ಯಾಕ್ಟರಿ, ಅದರ ಆಡಳಿತ ಯಹೂದಿಗಳ ಕೈಲಿ, ಒಬ್ಬ ಪ್ರಾಮಾಣಿಕ ಕ್ರೈಸ್ತ ಹಂಗೇರಿಯನ್ ಇಂಜಿನಿಯರ್ ಅವರನ್ನ ಸರಿಸಿ ಜಾಗ ಹಿಡೀತಾನೆ, ಇದು ನ್ಯಾಯ ಅಂತ ಸಿನಿಮಾ ಹೇಳುತ್ತೆ. ಇಂಜಿನಿಯರ್ ಪಾಗೆರ್. ಆ ಕಾಲದ ಹಂಗೇರಿ ಸಿನಿಮಾಗಳಲ್ಲಿ ಯಹೂದಿ ವಿರೋಧವನ್ನ ಇಷ್ಟು ನೇರವಾಗಿ ಸಾರಿದ್ದು ತುಂಬಾ ಕಮ್ಮಿ. ನಟನಿಗೆ ಸ್ಕ್ರಿಪ್ಟ್ ಕೊಟ್ರು ಮಾಡ್ದ, ಹೊಟ್ಟೆಪಾಡು ಅಂತ ಕೆಲವರು ಇವತ್ತಿಗೂ ವಾದ ಮಾಡ್ತಾರೆ. ನಂಗೆ ಆ ವಾದ ಸಾಕಾಗಲ್ಲ, ಯಾಕಂದ್ರೆ 1942ರಲ್ಲಿ ಪಾಗೆರ್ ಹೊಟ್ಟೆಗಿಲ್ದೆ ಇದ್ದ ನಟ ಅಲ್ಲ, ಸ್ಟಾರು. ಬೇಡ ಅನ್ನೋ ಶಕ್ತಿ ಇದ್ದೋನು.

ಅದೇ ಕಾಲದಲ್ಲಿ ಉಳಿದೋರ ಗತಿ ಏನಾಯ್ತು ನೋಡಿ, ಆಗ ಹೋಲಿಕೆ ಸಿಗುತ್ತೆ. ಯಾವೊರ್ ಪಾಲ್ ಹೆಂಡತಿ ಯಹೂದಿ, ಅವ್ನು ಚೇಂಬರ್ ಜೊತೆ ಜಗಳ ಆಡ್ಕೊಂಡ, 1944ರಲ್ಲಿ ಆರೋ ಕ್ರಾಸ್ ಅನ್ನೋ ಹಂಗೇರಿಯ ನಾಜಿ ಪಕ್ಷದೋರು ಹಿಡಿದು ಜೈಲಿಗೆ ಹಾಕಿದ್ರು. ಹಾಡುಗಾರ್ತಿ ನಟಿ ಕರಾದಿ ಕತಲಿನ್‌ಳನ್ನ ನಾಜಿಗಳ ಗುಪ್ತ ಪೊಲೀಸ್ ಗೆಸ್ಟಾಪೋ ಹಿಡ್ಕೊಂಡು ಹೋಗಿ ಹಿಂಸೆ ಕೊಟ್ಟಿತು. ಇನ್ನೊಂದು ಕಡೆ ಕಿಶ್ ಫೆರೆಂತ್ಸ್ ಅನ್ನೋ ನಟ ಆ ಚೇಂಬರ್‌ನ ಅಧ್ಯಕ್ಷನೇ ಆಗಿದ್ದ, ಯುದ್ಧ ಮುಗಿದ ಮೇಲೆ ಪೀಪಲ್ಸ್ ಕೋರ್ಟ್ ಅವ್ನಿಗೆ 8 ವರ್ಷ ಶಿಕ್ಷೆ ಕೊಡ್ತು. ಪಾಗೆರ್ ಈ ಎರಡು ತುದಿಗಳ ಮಧ್ಯೆ ಬರ್ತಾನೆ, ಕಿಶ್ ಥರ ಕುರ್ಚಿ ಮೇಲೆ ಕೂತು ಲಿಸ್ಟ್ ಮಾಡ್ಲಿಲ್ಲ, ಯಾವೊರ್ ಥರ ಎದುರೂ ನಿಲ್ಲಲಿಲ್ಲ, ತನ್ನ ಮುಖ ಕೊಟ್ಟ. ಸ್ಟಾರ್ ಒಬ್ಬ ಮುಖ ಕೊಡೋದು ಸಣ್ಣ ವಿಷಯ ಅಲ್ಲ. ಸಿನಿಮಾ ಬಂದು ಎರಡು ವರ್ಷ ಆಗೋದ್ರೊಳಗೆ, 1944ರ ಮೇ ತಿಂಗಳಿಂದ ಜುಲೈವರೆಗಿನ ಎಂಟು ವಾರಗಳಲ್ಲಿ, ಹಂಗೇರಿಯಿಂದ ಸುಮಾರು 4,37,000 ಯಹೂದಿಗಳನ್ನ ರೈಲಿಗೆ ತುಂಬಿ ಕಳಿಸಿದ್ರು, ಬಹುಪಾಲು ಆಶ್‌ವಿಟ್ಜ್ ಅನ್ನೋ ನಾಜಿಗಳ ಸಾವಿನ ಶಿಬಿರಕ್ಕೆ.

1944ರ ಕೊನೆಗೆ ರಷ್ಯಾ ಸೈನ್ಯ ಬುಡಾಪೆಸ್ಟ್ ಹತ್ರ ಬಂದಾಗ ಪಾಗೆರ್ ಸಂಸಾರ ಸಮೇತ ಪಶ್ಚಿಮಕ್ಕೆ ಜಾಗ ಖಾಲಿ ಮಾಡ್ದ. ಆಸ್ಟ್ರಿಯಾ ಮೂಲಕ ಕೊನೆಗೆ ಅರ್ಜೆಂಟೀನಾ, ಬ್ಯೂನಸ್ ಐರಿಸ್. ಅಲ್ಲಿ ಹಂಗೇರಿ ವಲಸಿಗರು ದೊಡ್ಡ ಸಂಖ್ಯೆಯಲ್ಲಿದ್ರು, ಸೆಲೆಟ್ಸ್ಕಿ ಜೀತಾ ಅನ್ನೋ ಇನ್ನೊಬ್ಬ ಹಳೇ ಸ್ಟಾರ್ ನಟಿನೂ ಅಲ್ಲೇ ಇದ್ಲು. ವಲಸಿಗರಿಗೆ ಹಂಗೇರಿ ಭಾಷೆಯಲ್ಲಿ ನಾಟಕ ಆಡೋದು, ಪೇಂಟಿಂಗ್ ಮಾಡೋದು, ಇಷ್ಟೇ. ಭಾಷೆ ಮೇಲೆ ಬದುಕೋ ನಟ ಭಾಷೆ ಇಲ್ಲದ ಊರಲ್ಲಿ ಏನ್ ಮಾಡ್ತಾನೆ? ಐವತ್ತರ ವಯಸ್ಸಲ್ಲಿ ಸ್ಪ್ಯಾನಿಷ್ ಕಲ್ತು ಅಲ್ಲಿನ ಸಿನಿಮಾದಲ್ಲಿ ಮೇಲೆ ಬರೋದು ಆಗೋ ಹೋಗೋ ಮಾತಲ್ಲ.

ಇನ್ನು ನಿಮ್ಮ ಅಸಲಿ ಪ್ರಶ್ನೆ, ಕಮ್ಯುನಿಸ್ಟರು ಯಾಕೆ ಕರೆಸ್ಕೊಂಡ್ರು ಅನ್ನೋದು.

ಒಂದು ಕಾರಣ ಎಲ್ರೂ ಹೇಳೋದು: ಪ್ರಚಾರ. ಸ್ಟಾಲಿನ್ 1953ರಲ್ಲಿ ಸತ್ತ ಮೇಲೆ ಪೂರ್ವ ಯುರೋಪಿನ ಸರ್ಕಾರಗಳೆಲ್ಲಾ ವಲಸೆ ಹೋದೋರನ್ನ ಮನೆಗೆ ಬನ್ನಿ, ತಪ್ಪು ಮನ್ನಾ ಅಂತ ಕರೆಯೋಕೆ ಶುರು ಮಾಡಿದ್ವು. 1955ರಲ್ಲಿ ಹಂಗೇರಿನೂ ವಾಪಸ್ ಬರೋರಿಗೆ ಕ್ಷಮಾದಾನ ಘೋಷಿಸ್ತು. ಊರಿಗೆಲ್ಲಾ ಗೊತ್ತಿರೋ ಒಂದು ಮುಖ ವಾಪಸ್ ಬಂದ್ರೆ ಅದಕ್ಕಿಂತ ದೊಡ್ಡ ಜಾಹೀರಾತು ಬೇಕಾ?

ಇನ್ನೊಂದು ಕಾರಣ ಅಷ್ಟಾಗಿ ಯಾರೂ ಹೇಳಲ್ಲ, ನಂಗೆ ಅದೇ ಮುಖ್ಯ ಅನ್ಸುತ್ತೆ. ಆಗ ಅಲ್ಲಿ ಹಿರಿಯ ನಟರ ಸಾಲು ಖಾಲಿ ಆಗಿತ್ತು. ಚೊರ್ತೊಶ್ ದ್ಯುಲಾ 1945ರಲ್ಲಿ ತೀರ್ಕೊಂಡ. ಸೊಮ್ಲೈ ಅರ್ತೂರ್ 1951ರಲ್ಲಿ ಆತ್ಮಹತ್ಯೆ ಮಾಡ್ಕೊಂಡ, ಸ್ಟಾಲಿನ್ ಥರದ ಕಮ್ಯುನಿಸ್ಟ್ ನಾಯಕ ರಾಕೊಶಿಯ ಆಡಳಿತದಲ್ಲಿ ಜನರನ್ನ ಬುಡಾಪೆಸ್ಟಿಂದ ಹಳ್ಳಿಗಳಿಗೆ ಎತ್ತಂಗಡಿ ಮಾಡ್ತಿದ್ದ ಕಾಲ ಅದು. ರಾತ್ಕೈ ಮಾರ್ತೊನ್ ತೀರ್ಕೊಂಡಿದ್ದೂ ಅದೇ 1951ರಲ್ಲಿ. ಯಾವೊರ್ ಅಮೆರಿಕಾದಲ್ಲಿ, ಕರಾದಿ ಬ್ರೆಜಿಲ್‌ನಲ್ಲಿ. ಸಿನಿಮಾ ಉದ್ಯಮ 1948ರಲ್ಲಿ, ನಾಟಕ ಮಂದಿರಗಳು 1949ರಲ್ಲಿ ರಾಷ್ಟ್ರೀಕರಣ ಆಗಿದ್ವು, ಹೊಸ ಆಕ್ಟಿಂಗ್ ಸ್ಕೂಲಿಂದ ಬಂದ ಹುಡುಗ್ರು ಹುಡುಗೀರು ಒಳ್ಳೇ ಟ್ರೈನಿಂಗ್ ಇದ್ದೋರೇ, ಆದ್ರೆ ಇಪ್ಪತ್ತೈದರ ಹುಡುಗನಿಗೆ ಬಿಳಿ ಗಡ್ಡ ಅಂಟಿಸಿ ಅರವತ್ತರ ಜಿಲ್ಲಾ ಗುಮಾಸ್ತನ ಪಾತ್ರ ಮಾಡಿಸಕ್ಕಾಗುತ್ತಾ? ಸ್ಟೇಜ್ ಮೇಲೆ ದೂರದಿಂದ ಆಗ್ಬಹುದು, ಕ್ಯಾಮೆರಾ ಹತ್ರ ಬಂದ್ರೆ ಆಗಲ್ಲ. ಹಳೇ ಹಂಗೇರಿಯ ಮಧ್ಯಮವರ್ಗ ಹೆಂಗೆ ಕೂರ್ತಿತ್ತು, ಟೋಪಿ ಹೆಂಗೆ ತೆಗೀತಿತ್ತು, ಹೆಂಡತಿಗೆ ಹೆಂಗೆ ಕೈ ಕೊಡ್ತಿತ್ತು, ಇದೆಲ್ಲಾ ಮೈಯಲ್ಲಿ ಇದ್ದ ಪೀಳಿಗೆ ಕಣ್ಮರೆ ಆಗ್ತಿತ್ತು. ಪಾಗೆರ್ ಮೈಯಲ್ಲಿ ಅದು ಇತ್ತು.

1956ರ ಆಗಸ್ಟಲ್ಲಿ ಪಾಗೆರ್ ಬುಡಾಪೆಸ್ಟಿಗೆ ವಾಪಸ್ ಬಂದ. ಟೈಮಿಂಗ್ ನೋಡಿ. ಅಕ್ಟೋಬರ್ 23ಕ್ಕೆ ಕಮ್ಯುನಿಸ್ಟ್ ಸರ್ಕಾರದ ವಿರುದ್ಧ ದಂಗೆ ಶುರು, ನವೆಂಬರ್ 4ಕ್ಕೆ ಸೋವಿಯತ್ ಟ್ಯಾಂಕ್‌ಗಳು ಮತ್ತೆ ಬಂದ್ವು, ಆಮೇಲಿನ ಕೆಲವೇ ತಿಂಗಳಲ್ಲಿ ಸುಮಾರು ಎರಡು ಲಕ್ಷ ಜನ ಗಡಿ ದಾಟಿ ಹೊರಗೆ ಹೋದ್ರು. ಎಲ್ರೂ ಹೊರಗೆ ಓಡ್ತಿದ್ದಾಗ ಇವ್ನು ಒಳಗೆ ಬಂದು ಕೂತಿದ್ದ, ಎದ್ದು ಮತ್ತೆ ಹೋಗ್ಲೂ ಇಲ್ಲ.

ಇಲ್ಲಿ ಕಸಿವಿಸಿ ಆಗೋ ಸಂಗತಿ ಇನ್ನೊಂದಿದೆ. 1956ರಲ್ಲಿ ಜನರ ಜೊತೆ ನಿಂತ ನಟರಿಗೆ ಏನಾಯ್ತು? ದರ್ವಾಶ್ ಇವಾನ್ ಜೈಲಿಗೆ ಹೋದ, ಹೊರಗೆ ಬಂದ ಮೇಲೂ ವರ್ಷಗಟ್ಟಲೆ ರಂಗದಿಂದ ದೂರ. ಮೆನ್ಶಾರೊಶ್ ಲಾಸ್ಲೋನೂ ಜೈಲು ಕಂಡ. ಅಕ್ಟೋಬರ್ 23ರಂದು ಕವಿ ಪೆತೋಫಿ ಪ್ರತಿಮೆ ಮುಂದೆ ಪದ್ಯ ಓದಿದ ಶಿಂಕೊವಿಚ್ ಇಮ್ರೆಯನ್ನ ನ್ಯಾಷನಲ್ ಥಿಯೇಟರಿಂದ ಕೆಲ ಕಾಲ ಹೊರಗಿಟ್ರು. ಅದೇ ವರ್ಷಗಳಲ್ಲಿ 1942ರ ಇಂಜಿನಿಯರ್ ಸಾಹೇಬ್ರು ಆರಾಮಾಗಿ ಮೇಕಪ್ ರೂಮಲ್ಲಿ. ಆ ಸರ್ಕಾರಕ್ಕೆ ಹಳೇ ಪಾಪಕ್ಕಿಂತ ಹೊಸ ಧೈರ್ಯದ ಮೇಲೆ ಸಿಟ್ಟು ಜಾಸ್ತಿ ಇತ್ತು ಅಂತ ಇದರಿಂದ ಗೊತ್ತಾಗುತ್ತೆ. ಹಳೇ ಪಾಪ ಇರೋ ಮನುಷ್ಯ ಒಂಥರಾ ಅನುಕೂಲನೇ, ಅವ್ನು ಯಾವತ್ತೂ ದನಿ ಎತ್ತಲ್ಲ. ದಂಗೆ ಆದ್ಮೇಲೆ ಅಧಿಕಾರಕ್ಕೆ ಬಂದ ಕಾದಾರ್ ಕಾಲದ ಸಂಸ್ಕೃತಿ ಇಲಾಖೆಯ ದೊಡ್ಡ ತಲೆ ಅತ್ಸೇಲ್ ದ್ಯೋರ್ದ್, ಅವ್ನ ಪಾಲಿಸಿಯನ್ನ ಹಂಗೇರಿಯಲ್ಲಿ ಮೂರು 'ಟ' ಅಂತ ಕರೀತಿದ್ರು, ಅಲ್ಲಿನ ಭಾಷೆಯಲ್ಲಿ ಮೂರೂ ಪದ 'ಟ' ಇಂದಲೇ ಶುರು: ಬೆಂಬಲ ಕೊಡೋದು, ಸಹಿಸ್ಕೊಳ್ಳೋದು, ಬ್ಯಾನ್ ಮಾಡೋದು. ಪಾಗೆರ್ ಮೂರನೇ ಗುಂಪಲ್ಲಿ ಇರಬೇಕಾದೋನು, ಸೀದಾ ಮೊದಲ ಗುಂಪಿಗೆ ಬಂದ.

ಕೆಲಸ ಸಿಕ್ಕಿದ್ದು ವೀಗ್‌ಸೀನ್‌ಹಾಜ್ ಥಿಯೇಟರಲ್ಲಿ. ಆಗ ಅದರ ಹೆಸರು ಪೀಪಲ್ಸ್ ಆರ್ಮಿ ಥಿಯೇಟರ್, 1960ರ ಹೊತ್ತಿಗೆ ಹಳೇ ಹೆಸರು ವಾಪಸ್ ಬಂತು. ಸಾಯೋ ತನಕ ಅಲ್ಲೇ ಇದ್ದ. 60ರ ದಶಕದಲ್ಲಿ ಆ ಕಂಪನಿಗೆ ಮುಖ್ಯ ಡೈರೆಕ್ಟರ್ ಆಗಿದ್ದೋನು ವಾರ್ಕೊನಿ ಜೋಲ್ತಾನ್, ಯಹೂದಿ ಮೂಲದೋನು, ಯುದ್ಧದ ಟೈಮಲ್ಲಿ ಅದೇ ಕಾನೂನುಗಳಿಂದಾಗಿ ನ್ಯಾಷನಲ್ ಥಿಯೇಟರಿಂದ ಹೊರಬಿದ್ದೋನು. ಅವ್ನೂ ಪಾಗೆರೂ ಒಂದೇ ಬಿಲ್ಡಿಂಗಲ್ಲಿ ವರ್ಷಾನುಗಟ್ಟಲೆ ಕೆಲಸ ಮಾಡಿದ್ರು. ಹಂಗೇರಿ ಥಿಯೇಟರ್ ಜಗತ್ತು ಸಣ್ಣದು, ಎಲ್ಲರ ಲೆಕ್ಕನೂ ಎಲ್ಲರಿಗೂ ಗೊತ್ತಿರುತ್ತೆ, ಬೆಳಗ್ಗೆ ರಿಹರ್ಸಲ್‌ಗೆ ಹತ್ತು ಗಂಟೆಗೆ ಸೇರ್ಲೇಬೇಕು.

ಅಲ್ಲಿನ ಕ್ಯಾರೆಕ್ಟರ್ ಆಕ್ಟರ್‌ಗಳ ಬದುಕು ಹೆಂಗಿತ್ತು ಅಂತ ಒಂದ್ಸ್ವಲ್ಪ ಹೇಳ್ಬೇಕು, ಹಾಲಿವುಡ್ ಥರ ಯೋಚನೆ ಮಾಡಿದ್ರೆ ಅರ್ಥ ಆಗಲ್ಲ. ನಟ ಅಂದ್ರೆ ಮೊದಲು ಒಂದು ಸರ್ಕಾರಿ ಥಿಯೇಟರ್‌ನ ಸಂಬಳದ ನೌಕರ. ಒಂದೇ ಸೀಸನ್‌ನಲ್ಲಿ ನಾಲ್ಕೈದು ನಾಟಕ ಸರದಿ ಮೇಲೆ ನಡೀತಿರುತ್ತೆ, ಇವತ್ತು ರಾಜ, ನಾಳೆ ಪೋಸ್ಟ್‌ಮ್ಯಾನ್. ಬೆಳಗ್ಗೆ ರಿಹರ್ಸಲ್, ಮಧ್ಯಾಹ್ನ ರೇಡಿಯೋ ನಾಟಕನೋ ಸಿನಿಮಾ ಶೂಟಿಂಗೋ ಡಬ್ಬಿಂಗೋ, ಸಂಜೆ ಮತ್ತೆ ಸ್ಟೇಜು. ಡಬ್ಬಿಂಗ್ ಅಂದ್ರೆ ಅಲ್ಲಿ ಕಡೆಗಣಿಸೋ ಕೆಲಸ ಅಲ್ಲ, ಅಮೆರಿಕಾದ ಪತ್ತೇದಾರಿ ಸೀರಿಯಲ್ ಕೊಲಂಬೋಗೆ ಹಂಗೇರಿ ದನಿ ಕೊಟ್ಟ ಸಾಬೋ ದ್ಯುಲಾ ಆ ದನಿಯಿಂದಲೇ ಮನೆಮಾತಾದ. ಈ ಪದ್ಧತಿಯಲ್ಲಿ ಹೀರೋ, ಪೋಷಕ ನಟ ಅನ್ನೋ ಗೆರೆ ಅಷ್ಟು ಗಟ್ಟಿ ಇರಲ್ಲ. ಒಂದು ಸಿನಿಮಾದಲ್ಲಿ ಮುಖ್ಯ ಪಾತ್ರ ಮಾಡಿದೋನು ಮುಂದಿನದ್ರಲ್ಲಿ ಎರಡು ಸೀನ್‌ಗೆ ಬಂದು ಹೋಗ್ತಾನೆ, ಯಾರೂ ಮುಖ ಊದಿಸ್ಕೊಳ್ಳಲ್ಲ, ಸಂಬಳ ಹೆಂಗಿದ್ರೂ ಬರುತ್ತೆ. ಅರವತ್ತರ ಮುದುಕನನ್ನ ಸಿನಿಮಾದ ಮಧ್ಯದಲ್ಲಿ ಇಡೋಕೆ ಆ ಪದ್ಧತಿಗೆ ಹೆದರಿಕೆ ಇರ್ಲಿಲ್ಲ, ಟಿಕೆಟ್ ಓಡುತ್ತಾ ಇಲ್ವಾ ಅನ್ನೋದು ಮೊದಲ ಪ್ರಶ್ನೆ ಆಗಿರ್ಲಿಲ್ಲ. ಇದರ ಪೂರ್ತಿ ಲಾಭ ಪಾಗೆರ್‌ಗೆ ಸಿಕ್ತು.

ಈಗ ಕಾನ್ ಸಿನಿಮಾ. ಹೆಸರು ಪಚಿರ್ತಾ, ಅಂದ್ರೆ ಒಂದು ಹಾಡೋ ಹಕ್ಕಿ. ಕೋಸ್ತೊಲಾನಿ ದೆಜೋ 1924ರಲ್ಲಿ ಬರೆದ ಕಾದಂಬರಿ, ಡೈರೆಕ್ಟರ್ ರಾನೊದಿ ಲಾಸ್ಲೋ, ಕ್ಯಾಮೆರಾ ಇಲ್ಲೇಶ್ ದ್ಯೋರ್ದ್. ಕಥೆ ನಡೆಯೋದು 1899ರಲ್ಲಿ, ಕಾಕತಾಳೀಯ ಏನಂದ್ರೆ ಪಾಗೆರ್ ಹುಟ್ಟಿದ ವರ್ಷನೇ ಅದು. ಜಿಲ್ಲಾ ಊರೊಂದ್ರಲ್ಲಿ ರಿಟೈರ್ಡ್ ದಫ್ತರದ ಅಧಿಕಾರಿ ವೈಕೈ ಆಕೋಶ್, ಅವ್ನ ಹೆಂಡತಿ, ಒಬ್ಳೇ ಮಗಳು. ಮಗಳಿಗೆ ಮುದ್ದಿನ ಹೆಸರು ಪಚಿರ್ತಾ. ವಯಸ್ಸು ಮೂವತ್ತೈದು, ರೂಪ ಇಲ್ಲ, ಮದುವೆ ಆಗಿಲ್ಲ, ಆಗಲ್ಲ ಅಂತ ಮೂವರಿಗೂ ಗೊತ್ತು, ಬಾಯಿ ಬಿಟ್ಟು ಯಾರೂ ಹೇಳಲ್ಲ. ಮನೆ ಪೂರ್ತಿ ಅವಳ ಕೈಯಲ್ಲಿ. ಅಡಿಗೆ ಅವಳದ್ದೇ, ಉಪ್ಪು ಖಾರ ಇಲ್ಲದ ಪಥ್ಯದ ಊಟ, ಅದನ್ನ ಅಪ್ಪ ಅಮ್ಮ ಹೊಗಳ್ತಾ ತಿನ್ನಬೇಕು.

ಒಂದು ವಾರ ಅವಳು ಹಳ್ಳಿಯ ನೆಂಟರ ಮನೆಗೆ ಹೋಗ್ತಾಳೆ. ಸ್ಟೇಷನ್ನಲ್ಲಿ ಅಪ್ಪ ಅಮ್ಮನ ಕಣ್ಣಲ್ಲಿ ನೀರು, ಈ ವಾರ ಹೆಂಗಪ್ಪಾ ಕಳೆಯೋದು ಅಂತ. ಆಮೇಲೆ ವಿಧಿ ಇಲ್ಲದೆ ಹೋಟೆಲಿಗೆ ಊಟಕ್ಕೆ ಹೋಗ್ತಾರೆ, ಹೋಟೆಲ್ ಊಟ ಅಂದ್ರೆ ಆ ಮನೇಲಿ ವಿಷ ಇದ್ದ ಹಾಗೆ, ಆದ್ರೆ ಬಾಯಿಗೆ ರುಚಿ ಹತ್ತುತ್ತೆ. ಮಾರನೇ ದಿನ ಮತ್ತೆ ಹೋಗ್ತಾರೆ. ನಾಟಕ ನೋಡ್ತಾರೆ. ಮುದುಕ ಹಳೇ ಗೆಳೆಯರ ಕುಡಿಯೋ ಕೂಟಕ್ಕೆ ಸೇರ್ಕೋತಾನೆ, ಇಸ್ಪೀಟಲ್ಲಿ ಗೆಲ್ತಾನೆ, ಜೇಬು ತುಂಬಾ ದುಡ್ಡು, ರಾತ್ರಿ ತೂರಾಡ್ಕೊಂಡು ಮನೆಗೆ ಬರ್ತಾನೆ. ಅಲ್ಲಿ ಹೆಂಡತಿ ಮುಂದೆ ಇಷ್ಟು ವರ್ಷ ನುಂಗಿದ್ದ ಮಾತು ಹೊರಗೆ ಬರುತ್ತೆ: ನಾವು ಅವಳನ್ನ ಪ್ರೀತಿಸಲ್ಲ, ಅವಳು ಕುರೂಪಿ, ಅವಳು ಸತ್ರೇ ವಾಸಿ ಅಂತ ನಮಗೇ ಇದೆ. ಹೆಂಡತಿ ಪಾತ್ರದಲ್ಲಿ ತೊಲ್ನೈ ಕ್ಲಾರಿ. ಅವಳು ಆ ಮಾತನ್ನ ಪೂರ್ತಿ ಕೇಳಿಸ್ಕೊಂಡು, ಅಲ್ಲ ಹಂಗೆಲ್ಲಾ ಇಲ್ಲ ಅಂತ ಮತ್ತೆ ಮುಚ್ಚಿಹಾಕ್ತಾಳೆ.

ಈ ಸೀನನ್ನ ಕಳಪೆ ನಟ ಮಾಡಿದ್ರೆ ಅದು ಕುಡುಕನ ಕೂಗಾಟ ಆಗುತ್ತೆ ಅಷ್ಟೇ. ಪಾಗೆರ್ ಮಾಡಿದ್ದು ಏನಂದ್ರೆ, ಆ ಸೀನ್ ಬರೋಕೆ ಮುಂಚಿನ ಮುಕ್ಕಾಲು ಗಂಟೆಯಲ್ಲಿ ನಿಧಾನಕ್ಕೆ ಆ ಮುದುಕನನ್ನ ಚಿಕ್ಕ ವಯಸ್ಸಿಗೆ ಕರ್ಕೊಂಡು ಹೋದ. ಶುರುವಲ್ಲಿ ಆಕೋಶ್ ಕುಗ್ಗಿಹೋದ ಮನುಷ್ಯ, ಎಲ್ಲದಕ್ಕೂ ಹೆಂಡತಿ ಮಗಳ ಕಡೆ ನೋಡೋನು. ಊಟ ರುಚಿಸ್ದ ಹಾಗೆ, ಸಿಗಾರ್ ಬಾಯಿಗೆ ಬಂದ ಹಾಗೆ, ಹಳೇ ಗೆಳೆಯರು ಹೆಸರು ಹಿಡಿದು ಕರೆದ ಹಾಗೆ ಅವ್ನಲ್ಲಿ ಮತ್ತೆ ಜೀವ ಆಡುತ್ತೆ, ನಾವು ಖುಷಿ ಪಡ್ತೀವಿ, ಅಯ್ಯೋ ಪಾಪ ಮುದುಕ ಎಂಜಾಯ್ ಮಾಡ್ಲಿ ಬಿಡಿ ಅಂತೀವಿ. ಆ ಖುಷಿ ಎಲ್ಲಿಂದ ಬಂತು ಅಂತ ರಾತ್ರಿ ಗೊತ್ತಾದಾಗ ನೋಡೋರಿಗೂ ಮುಜುಗರ, ಯಾಕಂದ್ರೆ ಅಷ್ಟೊತ್ತಿಗೆ ನಾವೂ ಮಗಳನ್ನ ಮರೆತಿರ್ತೀವಿ. ಅವ್ನ ಆಪೆರೆಟ್ಟಾ ಕಾಮಿಡಿ ಟ್ರೈನಿಂಗ್ ಪೂರ್ತಿ ಇಲ್ಲಿ ಕೆಲಸಕ್ಕೆ ಬಂದಿದೆ, ನಗಿಸ್ತಾ ನಗಿಸ್ತಾ ತಂದು ಗುಂಡಿಗೆ ತಳ್ತಾನೆ. ಆಮೇಲೆ ಮಗಳು ವಾಪಸ್ ಬರ್ತಾಳೆ, ಮನೇಲಿ ಮತ್ತೆ ಪಥ್ಯದ ಊಟ.

1964ರ ಕಾನ್‌ನಲ್ಲಿ ಬೆಸ್ಟ್ ಆಕ್ಟರ್ ಇಬ್ಬರಿಗೆ ಹಂಚಿದ್ರು, ಪಾಗೆರ್ ಮತ್ತು ಇಟಲಿಯ ಸಾರೋ ಉರ್ಜಿ. ಆ ವರ್ಷದ ದೊಡ್ಡ ಪ್ರಶಸ್ತಿ ಹೋಗಿದ್ದು ಫ್ರಾನ್ಸಿನ ಝಾಕ್ ದೆಮಿಗೆ. ಆಗಿನ ಪದ್ಧತಿಯಲ್ಲಿ ಯಾವ ಸಿನಿಮಾ ಕಳಿಸ್ಬೇಕು ಅಂತ ದೇಶಗಳೇ ತೀರ್ಮಾನ ಮಾಡ್ತಿದ್ವು, ಅಂದ್ರೆ ಪಾಗೆರ್ ಇರೋ ಸಿನಿಮಾನ ಕಾನ್‌ಗೆ ಕಳಿಸಿದ್ದು ಬುಡಾಪೆಸ್ಟಿನ ಅಧಿಕಾರಿಗಳು. ಪಾಲಿಟಿಕ್ಸ್ ಅಂತ ನೀವು ಕೇಳಿದ್ರಲ್ಲ, ಅದು ಅಲ್ಲಿಗೆ ಮುಗೀತು. ಪ್ರಶಸ್ತಿ ಕೊಟ್ಟಿದ್ದು ಜ್ಯೂರಿ, ಅದರ ಅಧ್ಯಕ್ಷ ಫ್ರಿಟ್ಜ್ ಲಾಂಗ್, 1933ರಲ್ಲಿ ನಾಜಿ ಜರ್ಮನಿ ಬಿಟ್ಟು ಹೋದ ಡೈರೆಕ್ಟರ್! ಅವ್ನ ಜ್ಯೂರಿ 1942ರ ಓರ್‌ಶೇಗ್‌ವಾಲ್ತಾಶ್ ಹೀರೋಗೆ ಪ್ರಶಸ್ತಿ ಕೊಡ್ತು. ಕಥೆ ಕಟ್ಟಿದ್ರೆ ಯಾರೂ ನಂಬಲ್ಲ.

ಮುಂದಿನ ವರ್ಷ 1965ರಲ್ಲಿ ದೇಶದ ಅತಿ ದೊಡ್ಡ ಕೊಶುತ್ ಪ್ರಶಸ್ತಿ ಬಂತು, ಜೊತೆಗೆ ಫಾಬ್ರಿ ಜೋಲ್ತಾನ್ ಡೈರೆಕ್ಷನ್‌ನ ಹೂಸ್ ಓರಾ, ಅಂದ್ರೆ ಇಪ್ಪತ್ತು ಗಂಟೆ. ಒಬ್ಬ ಪತ್ರಕರ್ತ ಒಂದು ಹಳ್ಳಿಗೆ ಹೋಗಿ, ಯುದ್ಧ ಮುಗಿದಾಗಿಂದ 1956ರ ತನಕ ಅಲ್ಲಿ ಏನೇನಾಯ್ತು ಅಂತ ಕೇಳ್ಕೊಂಡು ಹೋಗೋ ಸಿನಿಮಾ. ಪಾಗೆರ್ ಅದರಲ್ಲಿ ಹಳ್ಳಿಯ ಸಹಕಾರಿ ಕೃಷಿ ಸಂಘದ ಅಧ್ಯಕ್ಷ ಯೋಶ್ಕಾ, ಹಿಂದೆ ಜಮೀನ್ದಾರನ ಆಳಾಗಿದ್ದೋನು, ಈಗ ಊರು ನಡೆಸೋ ಕಮ್ಯುನಿಸ್ಟ್. ಮಣ್ಣಿನ ಮಗ ಇಮೇಜ್ ಈಗ ಎದುರು ಪಾರ್ಟಿಗೆ ಕೆಲಸಕ್ಕೆ ಬಂತು. ಸಿನಿಮಾ ಮಾಸ್ಕೋ ಫೆಸ್ಟಿವಲ್‌ನಲ್ಲಿ ಬೊಂದಾರ್ಚುಕ್‌ನ ವಾರ್ ಅಂಡ್ ಪೀಸ್ ಜೊತೆ ಗ್ರಾಂಡ್ ಪ್ರೀ ಹಂಚ್ಕೊಂಡ್ತು. ಪಾಗೆರ್ ನಟನೆ ಇಲ್ಲಿ ಗಟ್ಟಿ, ಒರಟು, ಎಲ್ಲೂ ಭಾಷಣ ಅನ್ಸಲ್ಲ. ಆದ್ರೂ ನಂಗೆ ಇದು ಪಚಿರ್ತಾ ಎತ್ತರಕ್ಕೆ ಬರಲ್ಲ, ಪಾತ್ರ ಒಳ್ಳೇದು ಅಂತ ಸಿನಿಮಾನೇ ಮೊದಲೇ ತೀರ್ಮಾನ ಮಾಡಿಬಿಟ್ಟಿದೆ.

ಹಳೇ ಚರಿತ್ರೆಯನ್ನೇ ಬಳಸ್ಕೊಂಡ ಡೈರೆಕ್ಟರ್ ಅಂತ ನಾನು ಮೊದಲು ಹೇಳಿದ್ನಲ್ಲ, ಆ ಸಿನಿಮಾ ತೆಗೆದಿದ್ದು 1966ರಲ್ಲಿ. 1942ರ ಸಿನಿಮಾ ಗೊತ್ತಿದ್ದೋರಿಗೆ ಇದು ಎದೆ ನಡುಗಿಸುತ್ತೆ. ಉತೋಸೆಝೋನ್, ಅಂದ್ರೆ ಸೀಸನ್ ಮುಗಿದ ಮೇಲಿನ ಕಾಲ. ಮತ್ತೆ ಫಾಬ್ರಿ, ರೋನೈ ದ್ಯೋರ್ದ್ ಕಾದಂಬರಿ ಆಧಾರ. ಪಾಗೆರ್ ಪಾತ್ರ ಕೆರೆಕೆಶ್ ಕಾಲ್ಮಾನ್, ವಯಸ್ಸಾದ ಔಷಧಿ ಅಂಗಡಿಯೋನು. ಗೆಳೆಯರೆಲ್ಲಾ ಮುದುಕರು, ಒಂದಿನ ತಮಾಷೆಗೆ ಫೋನ್ ಮಾಡಿ ಪೊಲೀಸರು ಕರೀತಿದಾರೆ ಅಂತಾರೆ. ಇವ್ನಿಗೆ ಕೈಕಾಲು ತಣ್ಣಗಾಗುತ್ತೆ. ಯಾಕಂದ್ರೆ 1944ರಲ್ಲಿ ಇವ್ನು ಕೆಲಸ ಮಾಡ್ತಿದ್ದ ಅಂಗಡಿಯ ಯಹೂದಿ ದಂಪತಿಗಳ ವಿಷಯದಲ್ಲಿ ಇವ್ನ ಬಾಯಿಂದ ಬಂದ ಒಂದು ಮಾತು ಅವರ ಸಾವಿಗೆ ದಾರಿ ಆಗಿತ್ತು. ಬೇಕಂತ ಹೇಳಿದ್ನಾ, ಬಾಯಿತಪ್ಪಿ ಬಂತಾ, ಅಂಗಡಿ ಮೇಲೆ ಕಣ್ಣಿತ್ತಾ? ಸಿನಿಮಾ ಪೂರ್ತಿ ಅವ್ನು ಇದೇ ಪ್ರಶ್ನೆ ಹೊತ್ಕೊಂಡು ಅಲೀತಾನೆ, ಗೆಳೆಯರು ಆಮೇಲೆ ಒಂದು ಸುಳ್ಳು ಕೋರ್ಟ್ ನಡೆಸ್ತಾರೆ, ಆಟ ಎಲ್ಲಿ ಮುಗಿದು ವಿಚಾರಣೆ ಎಲ್ಲಿ ಶುರುವಾಯ್ತು ಗೊತ್ತಾಗಲ್ಲ.

1942ರಲ್ಲಿ ಯಹೂದಿಗಳ ಜಾಗ ಹಿಡಿದು ಹೆಮ್ಮೆಯಿಂದ ನಿಂತ ಇಂಜಿನಿಯರ್, 1966ರಲ್ಲಿ ಯಹೂದಿಗಳ ಅಂಗಡಿ ಹಿಡಿದು ನಡುಗೋ ಮುದುಕ. ಮುಖ ಅದೇ. ನಡುವಯಸ್ಸು ದಾಟಿದ ಹಂಗೇರಿ ಪ್ರೇಕ್ಷಕರಿಗೆ ಹಳೇ ಸಿನಿಮಾ ನೆನಪಿದ್ದೇ ಇರುತ್ತೆ, ಫಾಬ್ರಿಗೂ ಗೊತ್ತಿಲ್ಲದೆ ಇರಲ್ಲ. ಈ ಪಾತ್ರಕ್ಕೆ ಬೇರೆ ಯಾರನ್ನಾದ್ರೂ ಹಾಕಿದ್ರೆ ಅದು ಒಬ್ಬ ಔಷಧಿ ಅಂಗಡಿಯೋನ ಕಥೆ ಆಗ್ತಿತ್ತು. ಪಾಗೆರ್‌ನ ಹಾಕಿದ್ದರಿಂದ ಥಿಯೇಟರಲ್ಲಿ ಕೂತ ಅರ್ಧ ಜನರ ಕಥೆ ಆಯ್ತು, ಯಾಕಂದ್ರೆ 1944ರಲ್ಲಿ ಖಾಲಿಯಾದ ಮನೆ ಅಂಗಡಿಗಳಿಗೆ ಹೊಸ ಯಜಮಾನರು ಬಂದಿದ್ದು ಬರೀ ಸಿನಿಮಾದಲ್ಲಿ ಅಲ್ಲ. ಇದನ್ನ ನಟನ ಪ್ರಾಯಶ್ಚಿತ್ತ ಅಂತ ಕೆಲವರು ಭಾವುಕರಾಗಿ ಬರೀತಾರೆ, ನಾನು ಅಷ್ಟು ದೂರ ಹೋಗಲ್ಲ. ಪಾತ್ರ ಬೇರೆ, ತಪ್ಪೊಪ್ಪಿಗೆ ಬೇರೆ. ಒಪ್ಕೊಳ್ಬೇಕಾದ್ದು ಇಷ್ಟು: ಈ ಪಾತ್ರ ಬೇಡ ಅನ್ನೋಕೆ ಅವ್ನಿಗೆ ಎಲ್ಲಾ ಕಾರಣನೂ ಇತ್ತು, ಮಾಡ್ದ, ಅದನ್ನ ಅರೆಮನಸ್ಸಿಂದ ಮಾಡ್ಲಿಲ್ಲ.

ಅದಾದ್ಮೇಲೂ ಇಪ್ಪತ್ತು ವರ್ಷ ಕೆಲಸ ಮಾಡ್ದ, ಸ್ಟೇಜು, ಟಿವಿ, ಸಿನಿಮಾ, ಅಜ್ಜನ ಪಾತ್ರಗಳು. ಒಳ್ಳೇವು ಇದಾವೆ, ಆದ್ರೆ ಆ ಮೂರಕ್ಕೆ ಸಮ ಇಲ್ಲ. 1986ರ ಡಿಸೆಂಬರ್ 14ಕ್ಕೆ ಬುಡಾಪೆಸ್ಟಲ್ಲೇ ತೀರ್ಕೊಂಡ, 87 ವಯಸ್ಸು.

ಇನ್ನು ಹಂಗೇರಿಯ ಅತಿ ದೊಡ್ಡ ಕ್ಯಾರೆಕ್ಟರ್ ಆಕ್ಟರ್ ಅನ್ನೋ ಮಾತು. ಆ ಪಟ್ಟ ನಾನು ಕೊಡೋದು ಓಜೆ ಲಯೋಶ್‌ಗೆ. 1935ರಲ್ಲಿ ಸೆಂತೆಶ್ ಅನ್ನೋ ಊರಲ್ಲಿ ಹುಟ್ಟಿ, ಪೂರ್ತಿ ಸಮಾಜವಾದಿ ಪದ್ಧತಿಯ ಟ್ರೈನಿಂಗಲ್ಲೇ ಬೆಳೆದು, ನ್ಯಾಷನಲ್ ಥಿಯೇಟರಲ್ಲಿ ಜೀವನ ಸವೆಸಿದೋನು. ಬಾಚೋ ಪೇಟರ್‌ನ ಆ ತನೂ, ಅಂದ್ರೆ ಸಾಕ್ಷಿ ಸಿನಿಮಾದಲ್ಲಿ ಕಾಮ್ರೇಡ್ ವಿರಾಗ್, ಮೆಲ್ಲಗೆ ಮಾತಾಡ್ತಾನೇ ಮನುಷ್ಯರನ್ನ ಗಲ್ಲಿಗೆ ತಯಾರು ಮಾಡೋ ಅಧಿಕಾರಿ. 1969ರಲ್ಲಿ ತೆಗೆದ ಸಿನಿಮಾ, ಹತ್ತು ವರ್ಷ ಡಬ್ಬದಲ್ಲೇ ಇಟ್ಟು 1979ರಲ್ಲಿ ಬಿಟ್ರು. 1976ರ ಐದನೇ ಮುದ್ರೆ ಅನ್ನೋ ಸಿನಿಮಾದಲ್ಲಿ, ಅದೂ ಫಾಬ್ರಿದೇ, ಓಜೆ ಒಬ್ಬ ಗಡಿಯಾರ ರಿಪೇರಿಯೋನು, ಮನೇಲಿ ಮಕ್ಕಳನ್ನ ಬಚ್ಚಿಟ್ಟಿರೋನು. ಪ್ರಾಣ ಉಳೀಬೇಕಾದ್ರೆ ಚಿತ್ರಹಿಂಸೆಗೆ ಸಿಕ್ಕಿ ಸಾಯ್ತಿರೋ ಕೈದಿಯ ಕೆನ್ನೆಗೆ ಹೊಡೀಬೇಕು ಅಂತಾರೆ ಆರೋ ಕ್ರಾಸ್‌ನೋರು, ಜೊತೆಗಿದ್ದೋರು ಯಾರೂ ಹೊಡೆಯಲ್ಲ, ಇವ್ನು ಮನೆಯ ಮಕ್ಕಳನ್ನ ನೆನೆಸ್ಕೊಂಡು ಹೊಡೀತಾನೆ. ಓಜೆ 1984ರಲ್ಲಿ ಸತ್ತಾಗ ವಯಸ್ಸು ಬರೀ 49. ವಿದೇಶದ ದೊಡ್ಡ ನಟನೆ ಪ್ರಶಸ್ತಿ ಅವ್ನಿಗೆ ಬರ್ಲಿಲ್ಲ, ಹಾಗಾಗಿ ನೀವು ನೋಡ್ತಿದ್ದಂಥ ಲಿಸ್ಟ್‌ಗಳಲ್ಲಿ ಅವ್ನ ಹೆಸರು ಸಿಗಲ್ಲ.

ನೋಡೋದಾದ್ರೆ ಮೊದಲು ಪಚಿರ್ತಾ ನೋಡಿ, ಅದಕ್ಕೆ ಯಾವ ಹಿನ್ನೆಲೆನೂ ಬೇಡ, ಮನೇಲಿ ಮದುವೆ ಆಗದ ಮಗಳಿರೋ ಸಂಸಾರ ಅಂದ್ರೆ ಸಾಕು. ಆಮೇಲೆ ಉತೋಸೆಝೋನ್, ಆದ್ರೆ 1942 ಮತ್ತೆ 1944 ಎರಡನ್ನೂ ತಲೇಲಿ ಇಟ್ಕೊಂಡು ಕೂತ್ಕೊಳ್ಳಿ, ಇಲ್ಲಾಂದ್ರೆ ಅರ್ಧ ಸಿನಿಮಾ ಕೈತಪ್ಪುತ್ತೆ. ಹೂಸ್ ಓರಾ ಕೊನೆಗಿರ್ಲಿ. ಅದು ಹಿಂದೆ ಮುಂದೆ ಹಾರ್ತಾ ಹೋಗುತ್ತೆ, 1945ರ ಭೂಮಿ ಹಂಚಿಕೆ, 50ರ ದಶಕದ ಬಲವಂತದ ದವಸ ವಸೂಲಿ, 1956, ಆಮೇಲೆ ಸಾಮೂಹಿಕ ಕೃಷಿ, ಈ ನಾಲ್ಕು ಘಟ್ಟ ಗೊತ್ತಿದ್ರೆ ಯಾರು ಯಾರ ಮೇಲೆ ಯಾಕೆ ಹಲ್ಲು ಕಡೀತಿದಾರೆ ಅಂತ ಹಿಡೀಬಹುದು.